ಬೆತ್ತ ಬದಲಾದ ಮೊಕದ್ದಮೆ

"ಇದು ಆ ಬೆತ್ತ ಅಲ್ಲ, ಸ್ವಾಮಿ."

ಸಾಕ್ಷಿಯ ಜಾಗದಲ್ಲಿ ನಿಂತಿದ್ದ ಇನಾಯತ್ ಉಲ್ಲಾ ಸಾಹೇಬರು ಅಷ್ಟು ಹೇಳಿ ಬೆತ್ತವನ್ನು ಮೇಜಿನ ಮೇಲೆ ಇಟ್ಟುಬಿಟ್ಟರು. ಸೊರಬದ ಮುಸಾಫರಿ ಬಂಗಲೆಯ ಹಜಾರದಲ್ಲಿ ಅಂದು ಕೋರ್ಟು ಕೂತಿತ್ತು.

"ಸರಿಯಾಗಿ ನೋಡಿ," ಎಂದರು ಸರ್ಕಾರಿ ವಕೀಲ ರಾಜಪ್ಪ. "ಇದರ ಹಿತ್ತಾಳೆ ಕಟ್ಟು ಹಾಕಿದ್ದು ನಾನೇ ಅಂತ ಪೊಲೀಸರ ಮುಂದೆ, ಪಂಚರ ಮುಂದೆ ಹೇಳಿದ್ದೀರಿ. ಈಗ ಅಲ್ಲ ಅಂತೀರಾ?"

"ಅವತ್ತು ತೋರಿಸಿದ್ದು ನಾನು ಕಟ್ಟು ಹಾಕಿದ ಬೆತ್ತ. ಇದು ಬೇರೆ. ನೋಡಾಕೆ ಹಂಗೇ ಐತಿ. ಕೆಲಸ ನಂದಲ್ಲ."

"ಎಷ್ಟು ಸಿಕ್ತು ಸಾಹೇಬ್ರೇ?" — ಹಿಂದಿನಿಂದ ಯಾರೋ ಕೂಗಿದರು. ನಗು ಎದ್ದಿತು. ಇನಾಯತ್ ಸಾಹೇಬರ ಮುಖ ಕಪ್ಪಿಟ್ಟಿತು.

ಆರೋಪಿಯ ಕುರ್ಚಿಯಲ್ಲಿದ್ದ ಉಚ್ಚಂಗಪ್ಪ ಮಾತ್ರ ನಗಲಿಲ್ಲ. ಸುಮ್ಮನೆ ಶಲ್ಯ ಸರಿಮಾಡಿಕೊಂಡ.

ಇದು ೧೯೫೮ರ ಡಿಸೆಂಬರಿನ ಮಾತು. ಶಿಕಾರಿಪುರದಲ್ಲಿ ಕೂರುತ್ತಿದ್ದ ಮ್ಯಾಜಿಸ್ಟ್ರೇಟರು ಆ ವಾರ ಸೊರಬದಲ್ಲಿ ಕ್ಯಾಂಪು ಮಾಡಿದ್ದರು. ಫಿರ್ಯಾದಿ ಗುಡ್ಡಮ್ಮ, ಉಡುತಡಿಯ ವಿಧವೆ. ಅವಳ ಪರವಾಗಿ ಸರ್ಕಾರಿ ವಕೀಲರಿಗೆ ನೆರವಾಗಲು ಕೋರ್ಟಿನ ಅಪ್ಪಣೆ ಪಡೆದಿದ್ದವಳು ಜಗದಾಂಬ. ನಮ್ಮ ಜಿಲ್ಲೆಯಲ್ಲಿ ಕರಿಕೋಟು ತೊಟ್ಟ ಹೆಂಗಸರನ್ನು ಆಗ ಬೆರಳಲ್ಲಿ ಎಣಿಸಬಹುದಿತ್ತು. ಅವರಲ್ಲೊಬ್ಬಳು ನನ್ನ ಹೆಂಡತಿ. ನಾನು ದನದ ಡಾಕ್ಟರು. ಶಿಕಾರಿಪುರದಲ್ಲಿ ನನ್ನನ್ನು ಹೆಸರು ಹಿಡಿದು ಕರೆಯುವವರು ಕಡಿಮೆ. 'ವಕೀಲಮ್ಮನ ಯಜಮಾನರು' ಎಂದರೆ ಎಲ್ಲರಿಗೂ ಗೊತ್ತು. ನನಗೆ ಅದು ಬಿರುದಿನ ಹಾಗೆಯೇ ಇತ್ತು.

ಮೊಕದ್ದಮೆ ಸರಳವಾದದ್ದು. ಅಕ್ಕಿ ಗಿರಣಿಯ ಧಣಿ ಉಚ್ಚಂಗಪ್ಪನಿಗೆ ಗುಡ್ಡಮ್ಮನ ನೀರಾವರಿ ಗದ್ದೆಯ ಮೇಲೆ ಕಣ್ಣು. ಅವಳು ಕೊಡಲಿಲ್ಲ. ಬೇಸಗೆಯ ಒಂದು ಮುಸ್ಸಂಜೆ ಕಂಬಳಿ ಮುಸುಕು ಹಾಕಿದವನೊಬ್ಬ ಗದ್ದೆಬದುವಿನಲ್ಲಿ ಅವಳನ್ನು ಬಡಿದ. ಎಡತೋಳು ಮುರಿಯಿತು. ಆದರೆ ಗುಡ್ಡಮ್ಮ ಬಲಗೈಯಲ್ಲಿ ಬೆತ್ತವನ್ನು ಹಿಡಿದುಕೊಂಡವಳು ಬಿಡಲಿಲ್ಲ. ಅವನೇ ಬಿಟ್ಟು ಓಡಿದ. ಮುಖ ಕಂಡವರಿಲ್ಲ. ಆ ಬೆಳ್ಳಿ ಹಿಡಿಯ ಬೆತ್ತವೊಂದೇ ಸಾಕ್ಷಿ. ಅದು ಉಚ್ಚಂಗಪ್ಪನದು ಎಂದು ಹೇಳಬಲ್ಲವರು ಅದನ್ನು ರಿಪೇರಿ ಮಾಡಿದ ಇನಾಯತ್ ಉಲ್ಲಾ ಒಬ್ಬರೇ.

ಈಗ ಅವರೇ ಅಲ್ಲ ಎನ್ನುತ್ತಿದ್ದಾರೆ!

ಬೆತ್ತ ಬಂದದ್ದು ಉದ್ದನೆಯ ಬಟ್ಟೆಚೀಲದಲ್ಲಿ. ಎಲ್ಲರೆದುರಿಗೇ ಗುಮಾಸ್ತರು ಚೀಲದ ಬಾಯಿಯ ಅರಗಿನ ಮೊಹರು ಒಡೆದು ಅದನ್ನು ತೆಗೆದಿದ್ದರು. ಮೊಹರು ಮೊದಲು ಹಾಕಿದಂತೆಯೇ ಇತ್ತು. ಅದನ್ನು ಮ್ಯಾಜಿಸ್ಟ್ರೇಟರೇ ಪರೀಕ್ಷಿಸಿದ್ದರು.

ರಾಜಪ್ಪ ಖಾಲಿ ಚೀಲವನ್ನು ಎತ್ತಿ ಹಿಡಿದರು.

"ಬಾಯಿಗೆ ಅರಗಿದೆ. ಪಕ್ಕದ ಹೊಲಿಗೆಗೂ ಇದೆ. ಆದರೆ ತಳಕ್ಕೆ? ಇಲ್ಲ! ತಳದ ಹೊಲಿಗೆ ಬಿಚ್ಚಿ, ಬೆತ್ತ ಬದಲಿಸಿ, ಮತ್ತೆ ಹೊಲಿದಿದ್ದಾರೆ. ನಿನ್ನೆ ಶಿಕಾರಿಪುರದಿಂದ ಇದನ್ನು ಬಸ್ಸಿನಲ್ಲಿ ತಂದವನು ಕಾನ್‌ಸ್ಟೇಬಲ್ ಪುಟ್ಟಪ್ಪ. ಅವನ ಮೇಲೆ ಕ್ರಮ ಆಗಬೇಕು. ಮೊಕದ್ದಮೆ ಕೈತಪ್ಪಿತಲ್ಲ ಎಂದು ನನ್ನ ಹೊಟ್ಟೆ ಉರಿಯುತ್ತಿದೆ."

ಬಾಗಿಲ ಬಳಿ ನಿಂತಿದ್ದ ಪುಟ್ಟಪ್ಪ ಗೋಡೆ ಹಿಡಿದುಕೊಂಡ.

ಉಚ್ಚಂಗಪ್ಪನ ವಕೀಲರು ಎದ್ದರು. ಸಾಕ್ಷಿ ಬಿದ್ದಮೇಲೆ ಆರೋಪಿಯನ್ನು ಬಿಡುಗಡೆ ಮಾಡುವುದೇ ನ್ಯಾಯ ಎಂದರು.

ಜಗದಾಂಬ ಎದ್ದು ನಿಂತಳು. "ಮಧ್ಯಾಹ್ನದ ಬಿಡುವಿನ ನಂತರ ಆಜ್ಞೆ ಮಾಡಬೇಕು. ಅಲ್ಲಿಯವರೆಗೆ ಆ ಚೀಲವನ್ನು ಯಾರೂ ಒದರಬಾರದು, ಒರೆಸಬಾರದು. ತಮ್ಮ ಮೇಜಿನ ಮೇಲೆಯೇ ಇರಲಿ."

"ಒದರಬಾರದೇ? ಏಕೆ?"

"ಆಮೇಲೆ ಹೇಳುತ್ತೇನೆ, ಸ್ವಾಮಿ."

ಮ್ಯಾಜಿಸ್ಟ್ರೇಟರು ಅವಳನ್ನೊಮ್ಮೆ ದಿಟ್ಟಿಸಿ ತಲೆಯಾಡಿಸಿದರು.

ಬಂಗಲೆಯ ಹಿಂದಿನ ಹಲಸಿನ ಮರದಡಿ ಪುಟ್ಟಪ್ಪ ಕುಕ್ಕರುಗಾಲಲ್ಲಿ ಕೂತಿದ್ದ. ಬಿಡುವಿನಲ್ಲಿ ಜಗದಾಂಬ ಅವನ ಬಳಿ ಹೋದಳು, ಹಿಂದೆಯೇ ನಾನೂ.

"ಪುಟ್ಟಪ್ಪ, ನಿಜ ಹೇಳು. ಶಿರಾಳಕೊಪ್ಪದಲ್ಲಿ ಚೀಲ ಸೀಟಿನ ಮೇಲೆ ಬಿಟ್ಟು ಇಳಿದೆಯಲ್ಲ?"

"ಇಳಿದಿದ್ದು ಖರೇ ಅಮ್ಮಾರೇ. ಚಾ ಕುಡ್ಯಾಕೆ. ನೀವೂ ಡಾಕ್ಟರೂ ಹಿಂದಿನ ಸೀಟಿನಾಗೇ ಇದ್ರಲ್ಲ, ಅದ್ಕೇ ಧೈರ್ಯ ಮಾಡಿ ಇಳಿದೆ."

ಅದು ನಿಜ. ನಾವೂ ಅದೇ ಬಸ್ಸಿನಲ್ಲಿ ಬಂದಿದ್ದೆವು. ಆದರೆ ನನಗೆ ತೂಕಡಿಕೆ ಹತ್ತಿತ್ತು. ಜಗದಾಂಬ ಕಿಟಕಿಯ ಹೊರಗೆ ನೋಡುತ್ತಿದ್ದಳು. ಯಾರೂ ಮುಟ್ಟಲಿಲ್ಲ ಎಂದು ಆಣೆ ಮಾಡಿ ಹೇಳಲು ನಮ್ಮಿಬ್ಬರಿಗೂ ಆಗುತ್ತಿರಲಿಲ್ಲ.

"ಸರ್ಕಾರಿ ವಕೀಲರು ಕಾರಿನಲ್ಲಿ ಬಂದರಲ್ಲ. ನೀನು ಅದರಲ್ಲೇ ಏಕೆ ಬರಲಿಲ್ಲ?"

"ಕೇಳಿದೆ ರೀ. ಹಿಂದಿನ ಸೀಟು ಖಾಲಿನೇ ಇತ್ತು. 'ಪೊಲೀಸ್ ಮಾಲು ಪೊಲೀಸನೇ ತರಬೇಕು, ಬಸ್ಸಿಗೆ ಹೋಗು' ಅಂದ್ರು."

"ಮೊದಲಿಗೆ, ಮೊಹರು ಹಾಕುವ ಮುಂಚೆ, ಬೆತ್ತವನ್ನು ಕೋರ್ಟಿಗೆ ಒಯ್ದವರು ಯಾರು?"

"ಅವ್ರೇ, ಸರ್ಕಾರಿ ವಕೀಲರು. ನೋಡಬೇಕು ಅಂತ ಹೇಳಿಕಳಿಸಿದ್ರು. ನಾನೇ ಅವರ ಮನೆಗೆ ಒಯ್ದು ಕೊಟ್ಟೆ. ಮರುದಿನ ಅವರೇ ಕೋರ್ಟಿಗೆ ತಂದ್ರು."

"ಚೀಲದಲ್ಲಿ ಹಾಕಿ ಕೊಟ್ಟೆಯಾ?"

"ಚೀಲ ಎಲ್ಲಿಂದ ರೀ! ಬರಿ ಬೆತ್ತ."

ಜಗದಾಂಬ ನನ್ನ ಕಡೆ ತಿರುಗಿದಳು. "ರೀ, ನಿನ್ನೆ ಬಸ್ಸಿನಲ್ಲಿ ಎಲ್ಲಾದರೂ ಕೆಸರು ಕಂಡಿರಾ?"

"ಡಿಸೆಂಬರಿನಲ್ಲಿ ಕೆಸರೇ? ಮೂಗಿನ ತುಂಬ ಧೂಳು. ಯಾಕೆ?"

"ಚೀಲದ ತಳಕ್ಕೆ ಮಣ್ಣು ಮೆತ್ತಿದೆ. ನೋಡಲಿಲ್ಲವೇ?"

ನೋಡಿದ್ದೆ. ಎಲ್ಲರೂ ನೋಡಿದ್ದರು. ಮಣ್ಣಿನಲ್ಲಿ ಏನಿದೆ ಎಂದು ಯಾರಿಗೆ ಅನ್ನಿಸುತ್ತದೆ?

ಇನಾಯತ್ ಸಾಹೇಬರು ಬಾವಿಕಟ್ಟೆಯ ಬಳಿ ಒಬ್ಬರೇ ನಿಂತಿದ್ದರು. ಅವರ ಹತ್ತಿರ ಯಾರೂ ಸುಳಿದಿರಲಿಲ್ಲ.

"ನನ್ನ ಅಪ್ಪನ ಕಾಲದಿಂದ ಶಿಕಾರಿಪುರದಾಗೆ ಹಿತ್ತಾಳೆ ಕೆಲಸ ಮಾಡ್ತೀವಿ ಅಮ್ಮಾ," ಎಂದರು. "ಹೌದು ಅಂದಿದ್ರೆ ಎಲ್ಲಾ ಸಸೂತ್ರ ಆಗ್ತಿತ್ತು. ಅಲ್ಲದ್ದನ್ನ ಹೌದು ಅನ್ನಾಕೆ ನಾಲಿಗೆ ಏಳಲಿಲ್ಲ."

"ಹೌದು ಅಂದಿದ್ದರೆ ನೀವೇ ಸಿಕ್ಕಿಬೀಳುತ್ತಿದ್ದಿರಿ, ಸಾಹೇಬರೇ. ಬೆತ್ತ ಬೇರೆ ಎಂದು ತೋರಿಸಿ ನಿಮ್ಮನ್ನು ಸುಳ್ಳುಗಾರ ಮಾಡಲು ಎದುರು ವಕೀಲರು ಕಾಯುತ್ತಿದ್ದರು. ನಿಮ್ಮ ಬೆತ್ತದ ಗುರುತು ಏನು?"

"ಕಟ್ಟಿನ ಒಳಗೆ ಬೆತ್ತ ಸೀಳೈತಿ. ಸೀಳಿಗೆ ತಾಮ್ರದ ತಂತಿ ಬಿಗಿದು, ಮ್ಯಾಲೆ ಹಿತ್ತಾಳೆ ಕೂರಿಸಿದೀನಿ. ಹೊರಗೆ ಕಾಣಂಗಿಲ್ಲ. ಉಚ್ಚಂಗಪ್ಪನವರು ಕೆಲಸ ಮುಗಿಯೋತನಕ ಅಂಗಡಿ ಬಿಟ್ಟು ಕದಲಲಿಲ್ಲ. ಅಪ್ಪನ ಬೆತ್ತ, ಹುಷಾರು, ಹುಷಾರು — ಅದೇ ಮಾತು."

"ಅಪ್ಪನ ಬೆತ್ತ!" ಎಂದಳು ಜಗದಾಂಬ. ಅವಳ ಕಣ್ಣು ಹೊಳೆಯಿತು.

ಅಷ್ಟರಲ್ಲಿ ಜಗಲಿಯ ಕಡೆಯಿಂದ ಗುಡ್ಡಮ್ಮನ ದನಿ ಕೇಳಿತು. ಉಚ್ಚಂಗಪ್ಪನ ಕಡೆಯವನೊಬ್ಬ ಅವಳ ಮುಂದೆ ಬಗ್ಗಿ ನಿಂತಿದ್ದ. ಕೇಸು ಹೇಗೂ ಬಿತ್ತು, ಧಣಿ ದೊಡ್ಡ ಮನಸ್ಸು ಮಾಡಿದ್ದಾರೆ, ಆಸ್ಪತ್ರೆ ಖರ್ಚೆಂದು ತಗೊಂಡು ರಾಜಿಗೆ ಹೆಬ್ಬೆಟ್ಟು ಒತ್ತು ಎನ್ನುತ್ತಿದ್ದ.

ಗುಡ್ಡಮ್ಮ ಸೊಟ್ಟಗೆ ಕೂಡಿಕೊಂಡ ತನ್ನ ಎಡತೋಳನ್ನು ಅವನ ಮೂಗಿನ ನೇರಕ್ಕೆ ಹಿಡಿದಳು.

"ನೋಡು ಚಂದಾಗಿ. ಇದನ್ನ ಸಂತಿಗೆ ತಂದಿಲ್ಲ ನಾನು. ಮಾರಾಕೆ ಬಂದಿದ್ರೆ ಗದ್ದಿನೇ ಮಾರ್ತಿದ್ದೆ, ಏಟು ಯಾಕೆ ತಿಂತಿದ್ದೆ? ಹೋಗು, ಹೇಳೋಗು ನಿಮ್ಮ ಧಣಿಗೆ."

ಅವನು ಹೋದ. ಜಗದಾಂಬ ಕೋಟಿನ ಗುಂಡಿ ಹಾಕಿಕೊಂಡು ನೇರ ಒಳಗೆ ನಡೆದಳು.

ಕೋರ್ಟು ಮತ್ತೆ ಕೂತಿತು. ಹಜಾರದಲ್ಲಿ ಕಾಲಿಡಲು ಜಾಗವಿರಲಿಲ್ಲ.

"ಸ್ವಾಮಿ, ತಾವೇ ಈ ಚೀಲದ ತಳ ನೋಡಬೇಕು. ಹೊಲಿಗೆಯ ಮೇಲೆ ಏನಿದೆ?"

ಮ್ಯಾಜಿಸ್ಟ್ರೇಟರು ಕನ್ನಡಕ ಏರಿಸಿದರು. "ಮಣ್ಣು. ಒಣಗಿದ ಮಣ್ಣು."

"ಬರೀ ಮಣ್ಣೇ?"

ಅವರು ಚೀಲವನ್ನು ಬೆಳಕಿಗೆ ಹಿಡಿದರು. ಹುಬ್ಬು ಮೇಲೆ ಹೋಯಿತು. "ಅರೆ! ಇದು ಅದೇ ಗೂಡು. ಕುಂಬಾರ ಹುಳದ ಗೂಡು."

"ಹೌದು. ತಳದ ಹೊಲಿಗೆಯನ್ನು ಈ ತುದಿಯಿಂದ ಆ ತುದಿಗೆ ಮುಚ್ಚಿಕೊಂಡಿದೆ. ನಡುವೆ ತೂತುಗಳಿವೆ, ಮರಿಗಳು ಎಂದೋ ಹಾರಿಹೋಗಿವೆ. ಅಂದಮೇಲೆ ಹಳೆಯ ಗೂಡು. ರಾಜಪ್ಪನವರು ಹೇಳಿದ ಹಾಗೆ ನಿನ್ನೆ ತಳ ಬಿಚ್ಚಿದ್ದರೆ ಇದು ಪುಡಿಪುಡಿ ಆಗಬೇಕಿತ್ತು. ಮತ್ತೆ ಹೊಲಿಯಬಹುದು — ಗೂಡನ್ನು ಮತ್ತೆ ಕಟ್ಟುವವರು ಯಾರು?"

ಪುಟ್ಟಪ್ಪ ದೊಡ್ಡದಾಗಿ ಉಸಿರು ಬಿಟ್ಟದ್ದು ನನಗೆ ಕೇಳಿಸಿತು.

"ಬಸ್ಸಿನಲ್ಲಿ ಅಲ್ಲದಿದ್ದರೆ ಮೊದಲೇ ಬಿಚ್ಚಿರಬಹುದು!" ಎಂದರು ರಾಜಪ್ಪ. "ಚೀಲ ಬೇಸಗೆಯಿಂದ ಕೋರ್ಟಿನಲ್ಲೇ ಇತ್ತು. ಗೂಡು ಆಮೇಲೆ ಕಟ್ಟಿರಬಹುದು. ಗುಮಾಸ್ತರಿದ್ದಾರೆ, ಜವಾನರಿದ್ದಾರೆ—"

"ಇಲ್ಲ," ಎಂದರು ಮ್ಯಾಜಿಸ್ಟ್ರೇಟರು.

ಅವರು ಚೀಲವನ್ನು ಮೇಜಿನ ಮೇಲೆ ಇಟ್ಟರು.

"ಬೆತ್ತ ಪೆಟ್ಟಿಗೆಯಲ್ಲಿ ಹಿಡಿಸದ ಕಾರಣ, ಅರಗು ಹಾಕಿದ ಕೂಡಲೇ ನನ್ನ ಎದುರಿನ ಗೋಡೆಗೇ ತೂಗುಹಾಕಿಸಿದೆ. ಅದೇ ಮಧ್ಯಾಹ್ನ ಹುಳ ಮಣ್ಣು ಹೊತ್ತು ತಂದಿತು. ಇಂಥ ಕೆಲಸಗಾರ ನಮ್ಮ ಕೋರ್ಟಿನಲ್ಲಿ ಇನ್ನೊಬ್ಬನಿಲ್ಲ ಎಂದು ಅಂದುಕೊಂಡೆ. ಗುಡಿಸಿಹಾಕಲು ಹೋದ ಜವಾನನಿಗೆ ಬೇಡ ಎಂದವನೂ ನಾನೇ. ಅಂದಿನಿಂದ ಇದು ನನ್ನ ಕಣ್ಣೆದುರೇ ಇತ್ತು. ಮುಂದುವರಿಸಿ, ವಕೀಲರೇ."

"ಹಾಗಾದರೆ ಮೊಹರು ಬಿದ್ದಮೇಲೆ ಬೆತ್ತ ಬದಲಾಗಲಿಲ್ಲ. ಠಾಣೆಯಲ್ಲಿ ಸಾಹೇಬರು ಗುರುತಿಸಿದಾಗ ಇದ್ದದ್ದು ನಿಜವಾದ ಬೆತ್ತ. ತಾವು ಮೊಹರು ಹಾಕಿದಾಗ ಚೀಲದಲ್ಲಿದ್ದದ್ದು ಸುಳ್ಳು ಬೆತ್ತ. ನಡುವೆ ಅದು ಯಾರ ಕೈಯಲ್ಲಿತ್ತು?" ಜಗದಾಂಬ ತಿರುಗಿದಳು. "ರಾಜಪ್ಪನವರೇ, ಈ ಚೀಲ ಹೊಲಿದವರು ಯಾರು?"

"ಠಾಣೆಯವರು. ಹೊಲಿದೇ ಕೊಟ್ಟಿದ್ದರು. ನಾನು ತಂದು ಒಪ್ಪಿಸಿದೆ, ಅಷ್ಟೆ."

"ಪುಟ್ಟಪ್ಪ, ಠಾಣೆಯಲ್ಲಿ ಮಾಲು ಕಟ್ಟುವುದು ಹೇಗೆ?"

"ಗೋಣಿತಟ್ಟು, ದಬ್ಬಣ, ಹುರಿ. ಬ್ಯಾರೆ ಏನೈತ್ರೀ ನಮ್ಮತ್ರ?"

"ಸ್ವಾಮಿ, ಗೂಡಿನ ಪಕ್ಕದ ಹೊಲಿಗೆ ನೋಡಬೇಕು. ಸಣ್ಣ ಎಳೆ, ಒಂದೇ ಸಮ. ಇದು ಹೊಲಿಗೆ ಯಂತ್ರದ್ದು. ಬಟ್ಟೆಯೋ, ಒಳ್ಳೆಯ ನಯವಾದ ಮಲ್ಲು. ಇದು ಠಾಣೆಯ ಚೀಲವಲ್ಲ, ಮನೆಯ ಚೀಲ. ಬರಿ ಬೆತ್ತ ವಕೀಲರ ಮನೆಗೆ ಹೋಯಿತು. ಚೀಲದೊಳಗೆ ಸೇರಿಕೊಂಡು ಬಂದದ್ದು ಇದು. ಒಳಗಿರುವುದನ್ನು ಯಾರೂ ನೋಡದಿರಲೆಂದೇ ಮೊದಲೇ ಹೊಲಿದು ತಂದರು. ತಳಕ್ಕೆ ಅರಗು ಬೀಳದಂತೆ ನೋಡಿಕೊಂಡರು. ಮುಂದೆ ಬೇರೆಯವರ ತಲೆಗೆ ಕಟ್ಟಲು ಒಂದು ಕಿಂಡಿ ಬೇಕಲ್ಲ! ಕಾರಿನಲ್ಲಿ ಜಾಗವಿದ್ದರೂ ಪುಟ್ಟಪ್ಪನನ್ನು ಬಸ್ಸಿಗೆ ಅಟ್ಟಿದ್ದೂ ಅದಕ್ಕೇ. ಬಡ ಪೊಲೀಸನ ಕೆಲಸ ಹೋಗುತ್ತಿತ್ತು. ಸಾಹೇಬರ ಮಾನ ಹೋಗುತ್ತಿತ್ತು. ಉಚ್ಚಂಗಪ್ಪನವರು ಗೆದ್ದು ಹೋಗುತ್ತಿದ್ದರು. ಸರ್ಕಾರದ ಸಂಬಳ ತಿಂದು, ಆರೋಪಿಯ ಹಣಕ್ಕೆ ಕೈಯೊಡ್ಡಿ ಬೆತ್ತ ಬದಲಿಸಿದವರು ನೀವೇ, ರಾಜಪ್ಪನವರೇ!"

"ಊಹೆ! ಬರೀ ಊಹೆ!" ರಾಜಪ್ಪನವರ ಕೊರಳಪಟ್ಟಿ ಬೆವರಿನಲ್ಲಿ ತೊಯ್ದಿತ್ತು. "ನಿಜವಾದ ಬೆತ್ತ ಎಲ್ಲಿದೆ, ತೋರಿಸಿ!"

"ಉಚ್ಚಂಗಪ್ಪನವರ ಮನೆಯಲ್ಲಿ. ಅಪ್ಪನ ಬೆತ್ತವನ್ನು ಒಲೆಗೆ ಹಾಕುವ ಮಗ ಅವರಲ್ಲ."

ಉಚ್ಚಂಗಪ್ಪ ತಟ್ಟನೆ ಎದ್ದು ನಿಂತ. ಯಾರೂ ಅವನನ್ನು ಎಬ್ಬಿಸಿರಲಿಲ್ಲ. ಹಾಗೆ ನಿಂತದ್ದೇ ಸಾಕಾಯಿತು.

ಮ್ಯಾಜಿಸ್ಟ್ರೇಟರು ಅಲ್ಲಿಯೇ ಶೋಧದ ಆಜ್ಞೆ ಬರೆದರು. ಅದು ಜಾರಿಯಾಗುವವರೆಗೆ ರಾಜಪ್ಪ, ಉಚ್ಚಂಗಪ್ಪ ಇಬ್ಬರೂ ಬಂಗಲೆ ಬಿಟ್ಟು ಕದಲಕೂಡದೆಂದರು. ಆಮೇಲೆ ಪೆನ್ನು ಕೆಳಗಿಟ್ಟು, ಎಲ್ಲರಿಗೂ ಕೇಳುವಂತೆ ಹೇಳಿದರು: "ಚೀಲ ಬಿಚ್ಚಿಸಿ ನೋಡದೆ ಮೊಹರು ಹಾಕಿದ್ದು ನನ್ನ ತಪ್ಪು. ಅದನ್ನೂ ಬರೆದುಕೊಳ್ಳಿ, ಗುಮಾಸ್ತರೇ."

ಬೆತ್ತ ಗಿರಣಿ ಮನೆಯ ಅಟ್ಟದಲ್ಲಿ, ರೇಷ್ಮೆ ಪಂಚೆಯಲ್ಲಿ ಸುತ್ತಿದ್ದಂತೆಯೇ ಸಿಕ್ಕಿತು. ಮರುದಿನ ಕೋರ್ಟಿನಲ್ಲಿ ಎರಡೂ ಬೆತ್ತಗಳ ಕಟ್ಟು ಬಿಚ್ಚಿಸಿದರು. ಹಿಂದಿನ ದಿನದ್ದರ ಒಳಗೆ ಏನೂ ಇರಲಿಲ್ಲ. ಅಟ್ಟದಿಂದ ಬಂದದ್ದರ ಸೀಳಿನ ಸುತ್ತ ತಾಮ್ರದ ತಂತಿ ಬಿಗಿದು ಕೂತಿತ್ತು. ಹಜಾರದಲ್ಲಿ ಮೊದಲು ಒಬ್ಬ ಚಪ್ಪಾಳೆ ತಟ್ಟಿದ. ಆಮೇಲೆ ಜವಾನ ಎಷ್ಟು ಕೂಗಿದರೂ ನಿಲ್ಲಲಿಲ್ಲ. ಇನಾಯತ್ ಸಾಹೇಬರು ಯಾರ ಕಡೆಗೂ ನೋಡದೆ ಟೋಪಿ ಸರಿಮಾಡಿಕೊಂಡು ನಡುವಿನಿಂದಲೇ ನಡೆದುಹೋದರು. ಜನ ಎರಡೂ ಕಡೆ ಸರಿದು ದಾರಿ ಬಿಟ್ಟರು.

ಉಚ್ಚಂಗಪ್ಪ ಎಷ್ಟು ದಂಡ ಬೇಕಾದರೂ ಕಟ್ಟುತ್ತೇನೆ ಎಂದ. ಮ್ಯಾಜಿಸ್ಟ್ರೇಟರು ದಂಡದ ಜೊತೆಗೆ ಜೈಲನ್ನೂ ಕೊಟ್ಟರು. ಮುಂದೆ ರಾಜಪ್ಪನವರ ವಕೀಲಿ ಸನ್ನದು ಹೋಯಿತು. ಬೇರೆ ಮೊಕದ್ದಮೆಯಲ್ಲಿ ಅವರೇ ಆರೋಪಿಯಾಗಿ ನಿಂತರು.

ಕಟ್ಟು ಬಿಚ್ಚಿಸಿದ ದಿನದ ಸಂಜೆ ಶಿಕಾರಿಪುರದ ಬಸ್ಸು ಕಿಕ್ಕಿರಿದಿತ್ತು. ಸುದ್ದಿ ನಮಗಿಂತ ಮುಂಚೆ ಬಸ್ಸು ಹತ್ತಿತ್ತು. ಕಂಡಕ್ಟರ್ ನನ್ನ ಕೋಟು ನೋಡಿ ಕೈಮುಗಿದು, "ವಕೀಲರು ತಾವೇನ್ರೀ?" ಎಂದ.

"ನಾನಲ್ಲಪ್ಪ. ಇವರು," ಎಂದೆ. ನನ್ನ ದನಿ ಬೇಕಾದ್ದಕ್ಕಿಂತ ಜೋರಾಗಿಯೇ ಬಂತು. ಜಗದಾಂಬ ನನ್ನ ಮೊಣಕೈ ಚಿವುಟಿದಳು.

ಗುಡ್ಡಮ್ಮ ಕೊನೆಯಲ್ಲಿ ಹತ್ತಿದಳು. ಮುಂದಿನ ಸೀಟಿನಲ್ಲಿದ್ದ ಜರಿ ರುಮಾಲಿನ ಗೌಡರೊಬ್ಬರು ಧಡಕ್ಕನೆ ಎದ್ದು, "ಬಾ ತಾಯಿ, ಕೂತ್ಕೋ," ಎಂದರು.

ಗುಡ್ಡಮ್ಮ ಬಲಗೈಯಲ್ಲಿ ಮೇಲಿನ ಕಂಬಿ ಹಿಡಿದಳು.

"ಕೂತ್ಕೊಳ್ರೀ ಗೌಡ್ರೇ," ಎಂದಳು. "ಮುರಿದಿದ್ದು ತೋಳು. ಕಾಲಲ್ಲ."