ಮುಚ್ಚಳ ಮರೆತ ಮಡಕೆ

"ಮ... ಮಡಕೆ ಒಡೆದಿದೆ. ಹೊಸ ಜೋಡಿ ಮಾ... ಮಾಡಿಸಬೇಕು."

ಬಾಗಿಲಲ್ಲಿ ನಿಂತವನ ಮುಖವನ್ನು ಅವಳು ಹಿಂದೆಂದೂ ಕಂಡಿರಲಿಲ್ಲ. ಆದರೆ ಆ ದನಿ! ಎರಡು ವರ್ಷ ದಿನವೂ ಕೇಳಿದ ದನಿ. ಪ್ರತಿ ಮಾತೂ ಹೊಸ್ತಿಲ ಹತ್ತಿರ ಒಂದು ಗಳಿಗೆ ನಿಂತು, ಆಮೇಲೆ ಒಳಗೆ ಕಾಲಿಡುತ್ತಿತ್ತು.

ಅವಳ ಕೈಯಲ್ಲಿದ್ದ ಒದ್ದೆ ಬಟ್ಟೆ ಜಾರಿ ಬಿತ್ತು.

'ಅಯ್ಯೋ... ಇವರೇ ಬಂದುಬಿಟ್ಟರಲ್ಲ! ಯಾವ ಮುಖ ಇಟ್ಟುಕೊಂಡು ಮಾತಾಡಲಿ?'

ಅವಳದು ಮಾತಿನ ಮಡಕೆಯ ಮನೆ. ಒಂದೇ ಮುದ್ದೆ ಮಣ್ಣಿನಲ್ಲಿ ಎರಡು ಮಡಕೆ ಮಾಡಿ, ಒಂದೇ ಆವಿಗೆಯಲ್ಲಿ ಸುಟ್ಟರೆ, ಒಂದರೊಳಗೆ ಆಡಿದ ಮಾತು ಇನ್ನೊಂದರಲ್ಲಿ ಕೇಳುತ್ತದೆ. ನಡುವೆ ಎಷ್ಟು ಬೆಟ್ಟಗಳಿದ್ದರೂ ಸರಿ. ಮುಚ್ಚಳ ಹಾಕಿದರೆ ಮಾತು ನಿಂತಿತು. ಈ ಕಡೆ ಅವಳು, ಐದು ದಿನದ ದಾರಿಯಾಚೆ ಅವನು. ಜನರ ಸುದ್ದಿ ದಾಟಿಸುವುದು ಇಬ್ಬರ ಕೆಲಸ.

ಸುದ್ದಿಯೆಲ್ಲ ಮುಗಿದ ಮೇಲೆ "ಊಟ ಆಯ್ತಾ?" ಎಂದು ಶುರುವಾದದ್ದು ಯಾವಾಗ ಪ್ರೀತಿಯಾಯಿತೋ ಅವರಿಗೇ ತಿಳಿಯದು. ಬಾಯಿಬಿಟ್ಟು ಯಾರೂ ಹೇಳಿರಲಿಲ್ಲ, ಅಷ್ಟೆ.

ಏಳು ದಿನದ ಹಿಂದೆ ಅಣ್ಣನ ಹೆಂಡತಿ ಛೇಡಿಸಿದ್ದಳು.

"ಏನಮ್ಮಾ, ಮಡಕೆ ಮುಂದೆ ಕೂತು ಒಬ್ಬಳೇ ನಗ್ತಿದೀಯ? ಮಡಕೆಯೊಳಗಿನ ಗಂಡನ್ನೇ ಕಟ್ಕೊಳ್ತೀಯೋ ಹೇಗೆ?"

ಸರದಿಯಲ್ಲಿ ಕೂತಿದ್ದ ಹೆಂಗಸರು ಕಿಸಕ್ಕೆಂದರು. ಅವಳ ಕಿವಿ ಕೆಂಪಾಯಿತು. ಆ ನಗುವಿನಿಂದ ತಪ್ಪಿಸಿಕೊಳ್ಳಲು ಹೋಗಿ ಆಡಬಾರದ ಮಾತು ಆಡಿಬಿಟ್ಟಳು.

"ಹೋಗಿ ಅತ್ತಿಗೆ, ಆ ತೊದಲನನ್ನಾ? 'ಊ... ಊ... ಊಟ ಆ... ಆಯ್ತಾ?' ಅನ್ನೋಷ್ಟರಲ್ಲಿ ಮಾಡಿದ ಊಟ ಅರಗಿ ಹೋಗಿರುತ್ತೆ!"

ಎಲ್ಲರೂ ಹೊಟ್ಟೆ ಹಿಡಿದು ನಕ್ಕರು. ಅವಳೂ ನಕ್ಕಳು. ನಗುತ್ತಲೇ ಹಿಂದೆ ತಿರುಗಿದರೆ...

ಮುಚ್ಚಳ ನೆಲದ ಮೇಲಿತ್ತು!

ಮಡಕೆಯೊಳಗಿಂದ ಒಂದು ಮಾತೂ ಬರಲಿಲ್ಲ. ಆ ಕಡೆ ಮೆಲ್ಲಗೆ, ತುಂಬಾ ಮೆಲ್ಲಗೆ, ಮುಚ್ಚಳ ಇಟ್ಟ ಸದ್ದು ಮಾತ್ರ ಬಂತು.

ಅವತ್ತಿನಿಂದ ಮಡಕೆ ಮೂಕವಾಗಿತ್ತು.

ಊರ ಕುಂಬಾರಜ್ಜ ಈಗ ಅವನು ತಂದ ಒಡೆದ ಚೂರುಗಳನ್ನು ಕೈಯಲ್ಲಿ ಆಡಿಸಿ ನೋಡಿದ.

"ಎರಡನ್ನೂ ಪುಡಿ ಮಾಡಿ ಹೊಸ ಮಣ್ಣಿಗೆ ಸೇರಿಸ್ಬೇಕು. ಎರಡು ಮನೆಯವರೂ ಒಟ್ಟಿಗೆ ತುಳೀಬೇಕು. ಇಲ್ಲಾಂದ್ರೆ ಮಡಕೆ ಮಾತಾಡಲ್ಲ ಕಣ್ರಪ್ಪಾ."

ಇಬ್ಬರೂ ಗುಂಡಿಗೆ ಇಳಿದರು. ಮೊಣಕಾಲವರೆಗೆ ಕೆಸರು. ಅವಳು ತಲೆ ಎತ್ತಲಿಲ್ಲ. ಅವಳ ಕಾಲು ಹತ್ತಿರ ಬಂದಾಗಲೆಲ್ಲ ಅವನ ಕಾಲು ಹಿಂದೆ ಸರಿಯುತ್ತಿತ್ತು.

"ಅವತ್ತು ನಾನು..." ಎಂದಳು.

ಅವನು ಬಾಯಿ ತೆರೆದ. ಮುಚ್ಚಿದ. ಮಣ್ಣಿನ ಕಡೆ ಕೈ ತೋರಿಸಿದ. ಹದ ಬಂದಿದೆ ಎಂದು.

ಗಂಟೆಗಟ್ಟಲೆ ಹರಟುತ್ತಿದ್ದವನು! ಮನೆಯ ಬೆಕ್ಕು ಮರಿ ಹಾಕಿದ್ದನ್ನೂ ಬಿಡದೆ ಹೇಳುತ್ತಿದ್ದವನು! ಈಗ ಕೈಯಲ್ಲಿ ಮಾತಾಡುತ್ತಿದ್ದಾನೆ. 'ಇವರ ಬಾಯಿ ಕಟ್ಟಿದವಳು ನಾನೇ' ಎಂದು ಅವಳು ಅಲ್ಲೇ ಕುಗ್ಗಿಹೋದಳು.

ಸಂಜೆ ಅವನು ಅಜ್ಜನಿಗೆ ಹೇಳಿದ್ದು ಗೋಡೆಯಾಚೆಯಿಂದ ಅವಳಿಗೆ ಕೇಳಿಸಿತು.

"ಇನ್ನು ಮಡಕೆ ಮುಂದೆ ನಮ್ಮ ಭಾ... ಭಾವ ಕೂರ್ತಾರೆ. ನಾನು ಸೌದೆ ಕೆಲಸ ನೋ... ನೋಡ್ಕೋತೀನಿ."

ಮಡಕೆಗಳು ಒಣಗಿ, ಸುಟ್ಟು, ಆರುವವರೆಗೆ ಒಂಬತ್ತು ದಿನ. ಹತ್ತನೆಯ ದಿನ ಪರೀಕ್ಷೆ. ಒಂದು ಮಡಕೆ ಅವಳ ಮುಂದೆ. ಇನ್ನೊಂದನ್ನು ಹೊತ್ತು ಅವನು ಬೀದಿಯ ಕೊನೆಯ ಬಾವಿಕಟ್ಟೆಗೆ ಹೋದ. ಅವಳು ಹತ್ತರವರೆಗೆ ಎಣಿಸಬೇಕು. ಸರಿಯಾಗಿ ಕೇಳಿದರೆ ಅವನು ಮಡಕೆ ಕಟ್ಟಿಕೊಂಡು ಅಲ್ಲಿಂದಲೇ ಊರ ದಾರಿ ಹಿಡಿಯುತ್ತಾನೆ.

ಮನೆ ತುಂಬಿತ್ತು. ಅತ್ತಿಗೆ ಇದ್ದಳು. ಅವತ್ತು ನಕ್ಕಿದ್ದ ಹೆಂಗಸರೂ ಇದ್ದರು.

ಅವಳು ಮುಚ್ಚಳ ತೆಗೆದಳು.

"ಒಂದು... ಎರಡು... ಮೂರು..."

ಮುಂದಿನದು ಬರಲಿಲ್ಲ. ಮಾತು ಗಂಟಲಲ್ಲಿ ಸಿಕ್ಕಿಕೊಂಡರೆ ಹೇಗಿರುತ್ತದೆಂದು ಅವಳಿಗೆ ಮೊದಲ ಸಲ ತಿಳಿಯಿತು.

"ಅವತ್ತು ನಾನು ಆಡಿದ್ದು ನೀವು ಕೇಳಿಸ್ಕೊಂಡ್ರಿ."

"ಏಯ್, ಎಲ್ಲರೂ ಇದಾರೆ ಕಣೇ!" ಅತ್ತಿಗೆ ತೋಳು ಹಿಡಿದಳು.

"ಇರಲಿ ಅತ್ತಿಗೆ. ಅವತ್ತೂ ಎಲ್ಲರೂ ಇದ್ರು." ಅವಳು ಮಡಕೆಯ ಕಡೆ ಬಗ್ಗಿದಳು. "ನಿಮ್ಮನ್ನ ಇಷ್ಟಪಡ್ತೀನಿ ಅಂತ ಇವರಿಗೆ ಗೊತ್ತಾದ್ರೆ ನಗ್ತಾರೆ ಅನ್ನೋ ಭಯಕ್ಕೆ, ನಾನೇ ನಿಮ್ಮನ್ನ ನಗೆಪಾಟಲು ಮಾಡಿದೆ. ಹೇಡಿ ನಾನು... ದಿನಾ ಸಂಜೆ ಕಾಯ್ತಿದ್ದದ್ದು ನಿಮ್ಮ ದನಿಗೇ. ಕ್ಷಮಿಸಿ ಅಂತ ಕೇಳೋಕೂ ನಾಚಿಕೆಯಾಗುತ್ತೆ. ನನ್ನ ಜೊತೆ ಮಾತಾಡದಿದ್ರೂ ಸರಿ... ಮಾತಾಡೋದನ್ನೇ ಬಿಡಬೇಡಿ."

ಮನೆಯಲ್ಲಿ ಒಬ್ಬರೂ ನಗಲಿಲ್ಲ. ಅತ್ತಿಗೆಯ ಕೈ ತಾನಾಗಿ ಸಡಿಲವಾಯಿತು.

ಅವಳು ಕಣ್ಣು ಮುಚ್ಚಿ, ಆ ಮುಚ್ಚಳದ ಸದ್ದಿಗಾಗಿ ಕಾದಳು. ಈಗ ಬರುತ್ತದೆ... ಈಗ...

"ಮೂರಾದ ಮೇಲೆ ನಾ... ನಾಲ್ಕು."

ಅವಳಿಗೆ ಅಳುವೂ ನಗುವೂ ಒಟ್ಟಿಗೇ ಬಂದವು.

"ನಿಮ್ಮ ಮಡಕೆ... ಸಿಟ್ಟಿಗೆ ಒಡೆದ್ರಾ?"

"ಇ... ಇಲ್ಲ. ಮುಚ್ಚಳ ಇಟ್ಟಮೇಲೆ ಮನಸ್ಸು ತ... ತಡೀಲಿಲ್ಲ. ಮತ್ತೆ ತೆಗೆಯೋಕೆ ಹೋದೆ. ಅವಸರಕ್ಕೆ ಮಡಕೆ ಜಾ... ಜಾರಿ ಬಿತ್ತು."

"ಏನು ಹೇಳೋಕೆ ಹೋಗಿದ್ರಿ?"

ಬಾವಿಕಟ್ಟೆಯ ಗಾಳಿಯ ಸದ್ದು ಮಡಕೆಯೊಳಗೆ ಸುಳಿದು ಹೋಯಿತು.

"ನಾ... ನಾನೇನೂ ಕೇಳಿಸ್ಕೊಳ್ಳಲಿಲ್ಲ ಅಂತ. ನಿಮಗೆ ಮುಜುಗರ ಆಗ್ಬಾರ್ದಲ್ಲ."

ಅವಳು ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ಅತ್ತಿಗೆಯೇ ಬೆನ್ನಿಗೆ ಕೈ ಹಾಕಿ ಎಬ್ಬಿಸಿದಳು.

"ಅಲ್ಲೇ ಇರಿ," ಎಂದಳು ಅವಳು ಮಡಕೆಗೆ. "ಹೊರಟುಬಿಡಬೇಡಿ. ಈಗ ಬಂದೆ!"

"ನಿ... ನಿಧಾನವಾಗಿ ಬನ್ನಿ. ಓ... ಓಡಬೇಡಿ, ಎಡವುತ್ತೀರಿ."

ಅಷ್ಟರಲ್ಲಿ ಅವಳು ಬೀದಿಯಲ್ಲಿದ್ದಳು. ಮುಚ್ಚಳ ನೆಲದ ಮೇಲೇ ಇತ್ತು.