ಮುಚ್ಚಿದ ಎಡಗಣ್ಣು

“ಏನ್ರೀ! ನಂಗೇ ಕಣ್ ಹೊಡೀತೀರಾ? ತಲೆ ನರೆತೈತೆ, ನಾಚ್ಕೆ ಆಗಲ್ವಾ?”

ಸರಳಾಳ ಕೂಗಿಗೆ ತಳಿ ಊರಿನ ಅವಳ ಸೇವಂತಿ ತೋಟದಲ್ಲಿದ್ದ ಇಡೀ ಶೂಟಿಂಗ್ ತಂಡವೇ ತಿರುಗಿ ನಿಂತಿತು.

ಎದುರಿಗಿದ್ದವರು ಛಾಯಾಗ್ರಾಹಕ ಮುರಳಿಕೃಷ್ಣ. ಹುಟ್ಟೂರು ಇಲ್ಲೇ ಹತ್ತಿರದ ಬೇರಿಕೆ. ಮೂವತ್ತನಾಲ್ಕು ವರ್ಷಗಳಿಂದ ತಮಿಳು, ತೆಲುಗು, ಕನ್ನಡ ಅಂತ ಭೇದವಿಲ್ಲದೆ ದೆವ್ವದ ಸಿನಿಮಾ, ದೇವರ ಸಿನಿಮಾ, ಹೊಡೆದಾಟ, ಹಾಸ್ಯ ಎಲ್ಲಕ್ಕೂ ಕ್ಯಾಮೆರಾ ಹಿಡಿದವರು. ಅಂಥವರ ಬಾಯಿಂದ ಬಂದದ್ದು ಒಂದೇ ಮಾತು.

“ತಪ್ಪಾಯ್ತು… ಕ್ಷಮಿಸ್ಬೇಕು.”

ತಂಡವನ್ನು ಕರೆದುಕೊಂಡು ಪಕ್ಕದ ಹನುಮಕ್ಕನ ಹೊಲಕ್ಕೆ ಹೊರಟೇಬಿಟ್ಟರು.

‘ನೋಡು, ಒಪ್ಪಿಕೊಂಡರಲ್ಲ! ಒಂಟಿ ಹೆಂಗಸು ಅಂದರೆ ಎಲ್ಲರಿಗೂ ಸಲಿಗೆ!’ ಗಂಡ ತೀರಿಕೊಂಡ ಮೇಲೆ ಹನ್ನೊಂದು ವರ್ಷ ಒಬ್ಬಳೇ ತೋಟ ನಡೆಸಿದ ಸರಳಾ ಸಿಟ್ಟಿನಲ್ಲೇ ಹೂವಿನ ಬುಟ್ಟಿ ಎತ್ತಿಕೊಂಡಳು.

ಆದರೂ ಮೂರನೇ ದಿನ ಅವಳು ಬೇಲಿಯ ಹತ್ತಿರವೇ ಇದ್ದಳು. ಕೋಪ ಬಂದವರಿಗೆ ಅಲ್ಲೇನು ಕೆಲಸ ಅಂತ ಕೇಳಬೇಡಿ.

ಕಂಡದ್ದೇನು? ಮುರಳಿಕೃಷ್ಣ ಎಡಗಣ್ಣು ಮುಚ್ಚಿ ಹನುಮಕ್ಕನ ಎಮ್ಮೆಯನ್ನೇ ನೋಡುತ್ತಿದ್ದರು! ಆಮೇಲೆ ಬಾವಿಯನ್ನು. ಆಮೇಲೆ… ಎಪ್ಪತ್ತು ದಾಟಿದ ಹನುಮಕ್ಕನನ್ನು!

“ಅವ್ರು ಹಂಗೇ ಕಣವ್ವಾ,” ಹನುಮಕ್ಕ ಬೇಲಿಗೆ ಬಂದು ನಕ್ಕಳು. “ಕ್ಯಾಮೆರಾದಾಗೆ ಹೆಂಗ್ ಕಾಣ್ತದೆ ಅಂತ ಒಂದ್ ಕಣ್ ಮುಚ್ಚಿ ನೋಡ್ತಾರಂತೆ. ವರ್ಸಗಟ್ಲೆ ಅಭ್ಯಾಸ.”

ಅಯ್ಯೋ ದೇವರೇ! ಅಷ್ಟು ಜನರ ಮುಂದೆ ಏನೆಲ್ಲ ಅಂದುಬಿಟ್ಟೆ! ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಆ ನಾಚಿಕೆಯ ಜೊತೆ ಒಂದು ಚೂರು ನಿರಾಸೆಯೂ ಇತ್ತು. ಎಮ್ಮೆಗೂ ನನಗೂ ಒಂದೇ ನೋಟವಾ? ಅದನ್ನು ಮಾತ್ರ ಅವಳು ಯಾರಿಗೂ ಹೇಳುವ ಹಾಗಿರಲಿಲ್ಲ.

ತಳಿಯಲ್ಲಿ ಅದೇ ಕೊನೆಯ ದಿನದ ಶೂಟಿಂಗ್. ಸಂಜೆಗೆ ಅವರು ಇನ್ನೊಂದು ಸಿನಿಮಾ ಕೆಲಸಕ್ಕೆ ಹೈದರಾಬಾದಿಗೆ ಹೊರಡುತ್ತಾರಂತೆ. ಈಗ ಹೇಳದಿದ್ದರೆ ಇನ್ನು ಯಾವಾಗ? ಸರಳಾ ಸೆರಗು ಬಿಗಿದು ನಡೆದೇಬಿಟ್ಟಳು.

“ನಾನೇ ತಪ್ ತಿಳ್ಕೊಂಡೆ. ನೀವಾದ್ರೂ ಹೇಳ್ಬೋದಿತ್ತಲ್ಲಾ? ಯಾಕ್ ಸುಮ್ನೆ ಬೈಸ್ಕೊಂಡ್ರಿ?”

ಮುರಳಿಕೃಷ್ಣ ತಲೆ ತಗ್ಗಿಸಿದರು. “ಎಮ್ಮೆ ನೋಡಿದ್ದು ಫ್ರೇಮಿಗೆ. ನಿಮ್ಮನ್ನೂ ಮೊದ್ಲು ಅದಕ್ಕೇ ನೋಡ್ದೆ… ಫ್ರೇಮ್ ಸಿಕ್ಕಿದ್ ಮ್ಯಾಲೂ ನೋಡ್ತಾನೇ ನಿಂತ್ಬುಟ್ಟೆ. ಕ್ಷಮೆ ಕೇಳಿದ್ದು ಅದಕ್ಕೆ.”

ಸರಳಾಳ ಮುಖ ಕೆಂಪಾಯಿತು. ನಲವತ್ತಾರನೇ ವಯಸ್ಸಿನಲ್ಲಿ ಇದೇನಿದು!

“ಹೆಂಡ್ತಿ ಹೋಗಿ ಒಂಬತ್ತು ವರ್ಷ. ಯಾರನ್ನೂ ಹಂಗೆ ನೋಡಿರ್ಲಿಲ್ಲ. ನೀನು ‘ಇರಿ’ ಅಂದ್ರೆ ಆ ಹೈದರಾಬಾದ್ ಸಿನಿಮಾ ಬಿಟ್ಬುಡ್ತೀನಿ, ಸರಳಾ.”

“ಕೆಲ್ಸ ಬಿಟ್ಟು ಕೂತ್ಕೊಳೋ ಗಂಡು ನಂಗ್ ಬ್ಯಾಡ!” ಅವಳು ಥಟ್ಟನೆ ಅಂದಳು. ಆಮೇಲೆ ದನಿ ಮೆತ್ತಗಾಯಿತು. “ಹೋಗ್ಬುಟ್ಟು ಬನ್ನಿ.”

“ಅಲ್ಲೀಗಂಟ ಕಾಯ್ತೀಯಾ?”

“ಕಾಯಾಕೆ ಪುರುಸೊತ್ತೆಲ್ಲೈತೆ? ಹೂವ ಬಿಡಿಸ್ಬೇಕು, ನೀರ್ ಕಟ್ಬೇಕು…” ಕಣ್ಣು ತುಂಬಿ ಬಂದರೂ ಅವಳು ನಗುತ್ತಿದ್ದಳು. “ಬಂದಾಗ ಮಾತ್ರ ಬಾಗ್ಲಲ್ಲಿ ನಿಂತು ಕೂಗ್ಬ್ಯಾಡಿ. ನೆಟ್ಟಗೆ ಒಳಕ್ಕೆ ಬನ್ನಿ.”