ಕ್ಲೇಮಿಗೆ ಬಾರದ ಬೈಕು

2001ರ ಡಿಸೆಂಬರ್ 11, ಮಂಗಳವಾರ. ಬೆಳಿಗ್ಗೆ 9-10ಕ್ಕೆ ಬಣಕಲ್ ಠಾಣೆಯೊಳಗೆ ಬಂದವರನ್ನು ಕಂಡು ಹೆಡ್ ಕಾನ್‌ಸ್ಟೆಬಲ್ ಗಿಡ್ಡಪ್ಪ ಎದ್ದು ತಮ್ಮ ಕುರ್ಚಿಯನ್ನೇ ಬಿಟ್ಟುಕೊಟ್ಟರು. ಗಿಡ್ಡಪ್ಪ ಹಾಗೆಲ್ಲ ಸುಲಭಕ್ಕೆ ಏಳುವ ಆಸಾಮಿಯಲ್ಲ. ಬಂದವರು ಕೊಟ್ಟಿಗೆಹಾರದ ಹತ್ತಿರದ ಪ್ರೌಢಶಾಲೆಯೊಂದರ ಗಣಿತದ ಮೇಷ್ಟ್ರು ಯಜ್ಞನಾರಾಯಣ. ಗಿಡ್ಡಪ್ಪನವರ ಇಬ್ಬರು ಮಕ್ಕಳನ್ನೂ ಎಸ್ಸೆಸ್ಸೆಲ್ಸಿಯಿಂದ ಆಚೆ ದಾಟಿಸಿದ ಪುಣ್ಯಾತ್ಮರು.

ದೂರನ್ನು ಮೇಷ್ಟ್ರು ಮನೆಯಿಂದಲೇ ಬರೆದು ತಂದಿದ್ದರು. ಒಂದು ಕಾಟೂ ಇಲ್ಲದ ದುಂಡು ಅಕ್ಷರ. ಹಿಂದಿನ ದಿನ ಸಂಜೆ ಐದು ಗಂಟೆಗೆ ಕೊಟ್ಟಿಗೆಹಾರದಲ್ಲಿ ಸರೋಜಮ್ಮನ ಹೋಟೆಲಿನ ಮುಂದೆ ನನ್ನ ಕಪ್ಪು ಹೀರೋ ಹೋಂಡಾ ಬೈಕನ್ನು ಹ್ಯಾಂಡಲ್ ಲಾಕ್ ಮಾಡಿ ನಿಲ್ಲಿಸಿದ್ದೆ, ಏಳು ಗಂಟೆಗೆ ಬಂದು ನೋಡಿದರೆ ಇರಲಿಲ್ಲ ಎಂದಿತ್ತು.

ಸಬ್ ಇನ್‌ಸ್ಪೆಕ್ಟರ್ ಓಂಕಾರಪ್ಪ ಓದಿ ಮುಗಿಸಿ ತಲೆ ಎತ್ತಿದರು.

"ಯಾರ ಮೇಲಾದ್ರೂ ಅನುಮಾನ ಇದೆಯಾ ಮೇಷ್ಟ್ರೇ?"

"ಇಲ್ಲ. ಯಾರ ಹೆಸರನ್ನೂ ಬರ್ಕೊಬೇಡಿ."

"ನಿನ್ನೆನೇ ಯಾಕೆ ಬರ್ಲಿಲ್ಲ?"

"ಹುಡುಕ್ತಾ ಇದ್ದೆ. ಆಮೇಲೆ ಬಸ್ಸು ಸಿಗ್ಲಿಲ್ಲ."

ಐಪಿಸಿ 379ರಡಿ ಎಫ್‌ಐಆರ್ ದಾಖಲಾಯಿತು. ಬೇರೆ ದಿನವಾಗಿದ್ದರೆ ಇದೊಂದು ಮಾಮೂಲಿ ಬೈಕ್ ಕಳವು. ಆದರೆ ಹಿಂದಿನ ಸಂಜೆ 6-15ರ ಸುಮಾರಿಗೆ, ಅದೇ ರಸ್ತೆಯಲ್ಲಿ, ಕಾಫಿ ಕೊಯ್ದು ಮನೆಗೆ ನಡೆದು ಹೋಗುತ್ತಿದ್ದ ಮರಿಯಮ್ಮ ಎಂಬ ಕೂಲಿ ಹೆಂಗಸಿಗೆ ಯಾವುದೋ ಬೈಕು ಗುದ್ದಿ ಪರಾರಿಯಾಗಿತ್ತು. ಎಸ್ಟೇಟ್ ಜೀಪಿನವರು ಅವಳನ್ನು ಮೂಡಿಗೆರೆ ಆಸ್ಪತ್ರೆಗೆ ಮುಟ್ಟಿಸಿದ್ದರು. ತೊಡೆಯ ಮೂಳೆ ಮುರಿದಿತ್ತು. ಸ್ಥಳದ ಪಂಚನಾಮೆಯಲ್ಲಿ ಸಿಕ್ಕಿದ್ದು ಹೆಡ್‌ಲೈಟಿನ ಗಾಜಿನ ಚೂರು, ಕಿತ್ತಳೆ ಬಣ್ಣದ ಇಂಡಿಕೇಟರಿನ ಅರ್ಧ ತುಂಡು.

ಓಂಕಾರಪ್ಪ ಅಂದೇ ಮಧ್ಯಾಹ್ನ ಆಸ್ಪತ್ರೆಗೆ ಹೋದರು. ಡಾಕ್ಟರು ನೇರವಾಗಿ ಹೇಳಿದರು. "ಮಂಗಳೂರಿಗೆ ಒಯ್ದು ರಾಡ್ ಹಾಕಿಸ್ಬೇಕು. ನಲವತ್ತು ಸಾವಿರ ಆಗುತ್ತೆ. ಎರಡು ವಾರ ದಾಟಿದ್ರೆ ಮೂಳೆ ಸೊಟ್ಟ ಕೂಡಿಕೊಳ್ಳುತ್ತೆ, ಆಮೇಲೆ ಈಯಮ್ಮ ಗುಡ್ಡ ಹತ್ತಿ ಕಾಫಿ ಕೊಯ್ಯೋದು ಮರೀಬೇಕು." ಗುದ್ದಿದ ಗಾಡಿ ಯಾವುದು, ಓಡಿಸಿದವರು ಯಾರೆಂದು ಗೊತ್ತಾಗಿ ವಿಮೆಯ ಹಣ ಬರುವುದು ಖಚಿತವಾದರೆ ಮುಂಗಡ ಕೊಡುತ್ತೇವೆ ಎಂದು ಎಸ್ಟೇಟಿನವರು ಡಾಕ್ಟರ ಬಳಿ ಒಪ್ಪಿದ್ದರು. ಅದು ಗೊತ್ತಾಗದಿದ್ದರೆ ಮುಂಗಡವೂ ಇಲ್ಲ.

"ಗುದ್ದಿದೋನ ಮುಖ ನೋಡಿದ್ಯೇನಮ್ಮ?"

"ಮಂಜು ಸಾರ್. ಏನೂ ಕಾಣ್ಲಿಲ್ಲ." ಮರಿಯಮ್ಮ ಗೋಡೆಯ ಕಡೆ ತಿರುಗಿಕೊಂಡಳು.

ಡಿಸೆಂಬರ್ 13, ಗುರುವಾರ. ಕೊಟ್ಟಿಗೆಹಾರದಲ್ಲಿ ಬೈಕ್ ರಿಪೇರಿ ಅಂಗಡಿ ಇಟ್ಟಿದ್ದ ಮಲ್ಲಿಕಾರ್ಜುನನನ್ನು ಗಿಡ್ಡಪ್ಪ ಠಾಣೆಗೆ ಕರೆತಂದರು. ಆರು ವರ್ಷದ ಹಿಂದೆ ಮೊಪೆಡ್ ಕಳವಿನ ಕೇಸಿನಲ್ಲಿ ಅವನ ಹೆಸರಿತ್ತು. ಅಂಥವರನ್ನು ಪೊಲೀಸರು ಮೊದಲು ನೆನೆಯುತ್ತಾರೆ, ಒಳ್ಳೆಯದಕ್ಕಂತೂ ಅಲ್ಲ. ಓಂಕಾರಪ್ಪ ಮೇಜಿನ ಮೇಲೆ ಗಾಜಿನ ಚೂರುಗಳನ್ನು ಸುರಿದರು.

"ಇದು ಯಾವ ಗಾಡೀದು ಹೇಳು."

ಮಲ್ಲಿಕಾರ್ಜುನ ಕಿತ್ತಳೆ ತುಂಡನ್ನು ತಿರುಗಿಸಿ ನೋಡಿ ಬಿಳಿಚಿಕೊಂಡ. "ಮೇಷ್ಟ್ರ ಗಾಡೀದು ಸಾರ್. ಇದು ಕಂಪನಿ ಮಾಲಲ್ಲ, ಲೋಕಲ್ಲು. ದೀಪಾವಳಿ ಟೈಮಲ್ಲಿ ನಾನೇ ಹಾಕ್ಕೊಟ್ಟಿದ್ದು. ಸ್ಕ್ರೂ ಕೂರದೆ ಇಲ್ಲಿ ಕಾಯಿಸಿ ತೂತು ಮಾಡಿದೀನಿ ನೋಡಿ. ಆದ್ರೆ ಗಾಡಿ ನಾನು ಕದ್ದಿಲ್ಲ ಸಾರ್, ಮಕ್ಕಳಾಣೆ."

ಅಲ್ಲಿಗೆ ಎರಡು ಕೇಸು ಒಂದಾಯಿತು. ಕದ್ದವನೇ ಮರಿಯಮ್ಮನಿಗೆ ಗುದ್ದಿದ್ದಾನೆ. ಕಳ್ಳ ಸಿಕ್ಕರೆ ಎರಡೂ ಬಗೆಹರಿಯುತ್ತದೆ ಎಂದು ಓಂಕಾರಪ್ಪ ಲೆಕ್ಕ ಹಾಕಿದರು.

ಮಧ್ಯಾಹ್ನ ಮೂರಕ್ಕೆ ಯಜ್ಞನಾರಾಯಣ ಏದುಸಿರು ಬಿಡುತ್ತ ಠಾಣೆಗೆ ಬಂದರು. ಬಸ್ ಸ್ಟ್ಯಾಂಡಿನಿಂದ ಓಡಿಯೇ ಬಂದಿದ್ದರು.

"ಮಲ್ಲಿಕಾರ್ಜುನನ್ನ ಬಿಟ್ಬಿಡಿ. ಅವನಲ್ಲ."

"ನಿಮಗೆ ಹೆಂಗೆ ಗೊತ್ತು?"

"ಒಳ್ಳೆ ಹುಡುಗ ಮಾರಾಯ್ರೆ. ನನ್ನ ವಿದ್ಯಾರ್ಥಿ."

ಮಲ್ಲಿಕಾರ್ಜುನನ ವಿರುದ್ಧ ಸಾಕ್ಷ್ಯವೂ ಇರಲಿಲ್ಲ. ಹೇಳಿಕೆ ಪಡೆದು ಸಂಜೆಯೊಳಗೆ ಕಳಿಸಿದರು. ಮುಂದಿನ ಐದು ದಿನ ಚಾರ್ಮಾಡಿ ಘಾಟಿಯ ಕೆಳಗಿನ ಗುಜರಿ ಅಂಗಡಿಗಳು, ಕಳಸದ ಗ್ಯಾರೇಜುಗಳು, ಚಿಕ್ಕಮಗಳೂರಿನ ಸೆಕೆಂಡ್ ಹ್ಯಾಂಡ್ ಡೀಲರುಗಳು ಎಂದು ತಿರುಗಿದ್ದೇ ತಿರುಗಿದ್ದು. ಬೈಕಿನ ಸುಳಿವಿಲ್ಲ. ಆ ಸಂಜೆ ತನ್ನ ಹೋಟೆಲಿನ ಮುಂದೆ ಅದು ನಿಂತಿದ್ದನ್ನು ನೋಡಿದ ನೆನಪೇ ಇಲ್ಲ ಎಂದಳು ಸರೋಜಮ್ಮ. ಡಾಕ್ಟರು ಹೇಳಿದ ಎರಡು ವಾರದಲ್ಲಿ ಉಳಿದದ್ದು ಐದೇ ದಿನ.

ಡಿಸೆಂಬರ್ 19, ಬುಧವಾರ. ಅಪಘಾತದ ಕಡತಕ್ಕೆ ಬೈಕಿನ ವಿಮೆಯ ವಿವರ ಬೇಕಿತ್ತು. ಓಂಕಾರಪ್ಪ ಮೂಡಿಗೆರೆಯ ವಿಮಾ ಕಚೇರಿಗೆ ಹೋದರು. ಅಲ್ಲಿನ ಅಧಿಕಾರಿ ಬಸವಪ್ರಸಾದ್ ಫೈಲು ತೆಗೆದರು.

"ಮೇಷ್ಟ್ರದ್ದು ಫುಲ್ ಇನ್ಶೂರೆನ್ಸ್ ಸಾರ್. ಬರೀ ಥರ್ಡ್ ಪಾರ್ಟಿ ಆಗಿದ್ರೆ ಕಳುವಿಗೆ ಬಿಡಿಗಾಸೂ ಬರ್ತಿರ್ಲಿಲ್ಲ. ಇದಕ್ಕಾದ್ರೆ ಗಾಡಿಯ ಈಗಿನ ಬೆಲೆ ಸಿಗುತ್ತೆ."

"ಅದಕ್ಕೆ ಏನೇನು ಕೊಡ್ಬೇಕು?"

"ಕಳೆದ ಕೂಡ್ಲೆ ನಮಗೊಂದು ಪತ್ರ. ಎಫ್‌ಐಆರ್ ನಕಲು, ಆರ್.ಸಿ., ಎರಡೂ ಒರಿಜಿನಲ್ ಕೀ. ಆಮೇಲೆ ಗಾಡಿ ಪತ್ತೆ ಆಗ್ಲಿಲ್ಲ ಅಂತ ನೀವು 'ಸಿ' ರಿಪೋರ್ಟ್ ಹಾಕಿದ್ರೆ ಚೆಕ್ಕು."

"ಮೇಷ್ಟ್ರು ಇದೆಲ್ಲ ಕೊಟ್ಟಿದಾರಾ?"

ಬಸವಪ್ರಸಾದ್ ಕನ್ನಡಕ ತೆಗೆದಿಟ್ಟರು. "ಅದೇ ಸಾರ್ ನಂಗೂ ಅರ್ಥ ಆಗ್ದೆ ಇರೋದು. ಗಾಡಿ ಕಳಕೊಂಡೋರು ಮೊದಲು ನಮ್ಮ ಹತ್ರ ಓಡಿ ಬರ್ತಾರೆ, ಆಮೇಲೆ ನಿಮ್ಮ ಹತ್ರ. ಇವರು ಬರ್ಲೇ ಇಲ್ಲ. ಪಾಪ, ಗೊತ್ತಿಲ್ವೇನೋ ಅಂತ ನಾನೇ ಫಾರಂ ಹಿಡ್ಕೊಂಡು ಶನಿವಾರ ಮನೆಗೆ ಹೋದೆ. ಒಂದು ಸಹಿ ಹಾಕಿ, ಮಿಕ್ಕಿದ್ದು ನಾನು ತುಂಬ್ತೀನಿ ಅಂದೆ. ಪೆನ್ನು ಹಿಡಿದ್ರು. ಫಾರಂ ವಾಪಸ್ ಕೊಟ್ಟು, ಬೇಡ ಬಿಡಿ ಅಂದ್ರು. ಹದಿನೈದು ವರ್ಷದ ಸರ್ವಿಸಲ್ಲಿ ಬರೋ ದುಡ್ಡು ಬೇಡ ಅಂದೋರನ್ನ ನಾನು ಕಂಡಿಲ್ಲ."

ಓಂಕಾರಪ್ಪ ಬೇರೆ ಪ್ರಶ್ನೆ ಹಾಕಿದರು. "ಕಳ್ಳ ಓಡಿಸಿ ಯಾರಿಗಾದ್ರೂ ಗುದ್ದಿದ್ರೆ ಕಂಪನಿ ಪರಿಹಾರ ಕೊಡುತ್ತಾ?"

"ನಮ್ಮ ವಕೀಲರು ಅಷ್ಟು ಸುಲಭಕ್ಕೆ ಬಿಡಲ್ಲ. ವರ್ಷಗಟ್ಟಲೆ ಎಳೀತಾರೆ."

"ಓನರೇ ಓಡಿಸಿದ್ರೆ?"

"ಲೈಸೆನ್ಸ್ ಇದ್ರೆ ಕಂಪನಿನೇ ಕೊಡ್ಬೇಕು. ಥರ್ಡ್ ಪಾರ್ಟಿ ಇರೋದೇ ಅದಕ್ಕಲ್ವಾ?"

ಜೀಪಿನಲ್ಲಿ ಓಂಕಾರಪ್ಪ ತಮ್ಮ ಅನುಮಾನ ಹೇಳಿದಾಗ ಗಿಡ್ಡಪ್ಪನವರಿಗೆ ಸಿಟ್ಟೇ ಬಂತು. "ಮೇಷ್ಟ್ರಾ? ಬಿಡಿ ಸಾರ್. ಎರಡು ಅಂಕ ಜಾಸ್ತಿ ಹಾಕಿ ಅಂದ್ರೆ ಆ ಪುಣ್ಯಾತ್ಮ ನನ್ನ ಮಗಂಗೇ ಹಾಕಿಲ್ಲ."

"ಅದಕ್ಕೇ ಗಿಡ್ಡಪ್ನೋರೆ. ನಮ್ಮ ಹತ್ರ ಒಂದು ಸುಳ್ಳು ಬರ್ಕೊಟ್ಟಿದಾರೆ. ಅದರ ಮೇಲೆ ದುಡ್ಡು ತಗೊಳ್ಳೋಕೆ ಕೈ ಬರ್ತಿಲ್ಲ. ನಿಜವಾದ ಮೋಸಗಾರ ಆಗಿದ್ರೆ ಇಷ್ಟೊತ್ತಿಗೆ ಕ್ಲೇಮು ಹಾಕಿರ್ತಿದ್ದ."



ಡಿಸೆಂಬರ್ 20, ಗುರುವಾರ, ಸಂಜೆ 4-30. ಮೇಷ್ಟ್ರು ಆಗಷ್ಟೇ ಶಾಲೆಯಿಂದ ಬಂದಿದ್ದರು. ಹೆಂಡತಿ ಸೀತಮ್ಮ ಕಾಫಿ ತಂದಿಟ್ಟರು. ಓಂಕಾರಪ್ಪ ಲೋಟ ಮುಟ್ಟಲಿಲ್ಲ.

"ಬೈಕಿನ ಎರಡು ಕೀ ಕೊಡಿ ಮೇಷ್ಟ್ರೇ."

ಒಂದು ಕೀ ಬೀರುವಿನಿಂದ ಬಂತು, ಬಳಸದೆ ಹೊಳೆಯುತ್ತಿತ್ತು. ಇನ್ನೊಂದು ಅವರ ಅಂಗಿ ಜೇಬಿನಲ್ಲೇ ಇತ್ತು. ಅದೇ ರಿಂಗಿನಲ್ಲಿ ಹಿತ್ತಾಳೆಯ ದಪ್ಪ ಕೀಲಿಕೈಯೊಂದು ನೇತಾಡುತ್ತಿತ್ತು.

"ಇದು ಯಾವ ಬಾಗಿಲದ್ದು?"

ಹೊರಬಾಗಿಲದ್ದು ಅನ್ನಬಹುದಿತ್ತು, ಹಳೇ ಪೆಟ್ಟಿಗೆಯದು ಅನ್ನಬಹುದಿತ್ತು. ಪೊಲೀಸರಿಗೆ ದಿನಕ್ಕೆ ಹತ್ತು ಜನ ಹಾಗೆ ಹೇಳುತ್ತಾರೆ. ಮೇಷ್ಟ್ರು ಪಾಠ ಒಪ್ಪಿಸುವ ಹುಡುಗನಂತೆ ನೆಟ್ಟಗೆ ನಿಂತರು.

"ಶಾಲೆಯ ಸಾಮಾನು ಕೋಣೆದು."

"ಹೋಗಿ ನೋಡೋಣ್ವಾ?"

"ಬೇಡ ಅಂದ್ರೆ ನೀವು ಬಿಡ್ತೀರಾ? ನಡೀರಿ." ಅವರ ಧ್ವನಿಯಲ್ಲಿ ನಿರಾಳವಿತ್ತು. ಸೀತಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಡುಗೆಮನೆ ಬಾಗಿಲಲ್ಲೇ ಕುಳಿತುಬಿಟ್ಟರು.

ಮುರಿದ ಬೆಂಚುಗಳ ಹಿಂದೆ, ವಾರ್ಷಿಕೋತ್ಸವದ ನೀಲಿ ಪರದೆಯ ಕೆಳಗೆ ಬೈಕು ಇತ್ತು. ಹೆಡ್‌ಲೈಟಿಗೆ ಗಾಜಿಲ್ಲ, ಎಡಗಡೆಯ ಇಂಡಿಕೇಟರ್ ಅರ್ಧವೇ ಇತ್ತು. ಸಂಜೆ 5-20ಕ್ಕೆ ಇಬ್ಬರು ಪಂಚರ ಎದುರು ಮಹಜರು ನಡೆಯಿತು. ಕಿತ್ತಳೆ ತುಂಡು ಅಲ್ಲಿ ಸರಿಯಾಗಿ ಕೂತಾಗ ಗಿಡ್ಡಪ್ಪ ಮುಖ ಆಚೆ ತಿರುಗಿಸಿದರು. 5-50ಕ್ಕೆ ಯಜ್ಞನಾರಾಯಣರನ್ನು ದಸ್ತಗಿರಿ ಮಾಡಲಾಯಿತು. ಅಜಾಗರೂಕ ಚಾಲನೆ, ಸಾಕ್ಷ್ಯ ಮುಚ್ಚಿಟ್ಟದ್ದು, ಪೊಲೀಸರಿಗೆ ಸುಳ್ಳು ದೂರು.

ಠಾಣೆಯಲ್ಲಿ ಯಾರೂ ಕೇಳುವ ಮೊದಲೇ ಮೇಷ್ಟ್ರು ಎಲ್ಲ ಹೇಳಿದರು. ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಆಗಸ್ಟಿನಲ್ಲಿ ಚಿಕ್ಕಮಗಳೂರಿನ ಕಣ್ಣಿನ ಡಾಕ್ಟರು, ಆಪರೇಷನ್ ಆಗುವವರೆಗೆ ಮುಸ್ಸಂಜೆಯಲ್ಲಿ ಗಾಡಿ ಓಡಿಸಬೇಡಿ ಎಂದು ಚೀಟಿಯಲ್ಲೇ ಬರೆದು ಕೊಟ್ಟಿದ್ದರು. ಆ ಚೀಟಿಯನ್ನು ಮೇಷ್ಟ್ರು ಸೀತಮ್ಮನಿಗೂ ತೋರಿಸಲಿಲ್ಲ.

"ನಮ್ಮಮ್ಮಂಗೆ ಇದೇ ಆಪರೇಷನ್ ಆಗಿ ಇದ್ದ ದೃಷ್ಟಿನೂ ಹೋಯ್ತು. ಹನ್ನೊಂದು ವರ್ಷ ಕೈ ಹಿಡಿದು ನಡೆಸಿದೀನಿ. ನಂಗೆ ಹೆದರಿಕೆ ಆಯ್ತು ಮಾರಾಯ್ರೆ, ಅಷ್ಟೆ. ಮುಂದಿನ ತಿಂಗಳು, ಮುಂದಿನ ತಿಂಗಳು ಅಂತ ತಳ್ಳಿದೆ. ಅವತ್ತು ಇಳಿದು ಹೋಗಿ ಅವಳ ತಲೆ ಎತ್ತಿ ಹಿಡಿದೆ. ಅಷ್ಟರಲ್ಲಿ ಜೀಪಿನ ಬೆಳಕು ಬಂತು. ಗಾಡಿ ಹತ್ತಿ ಓಡಿಬಿಟ್ಟೆ."

"ಇನ್ಶೂರೆನ್ಸ್ ಫಾರಂಗೆ ಸಹಿ ಯಾಕೆ ಹಾಕ್ಲಿಲ್ಲ?"

"ಆ ದುಡ್ಡು ನಂದಲ್ಲವಲ್ಲ."

ಡಿಸೆಂಬರ್ 21, ಶುಕ್ರವಾರ. ಮೂಡಿಗೆರೆ ನ್ಯಾಯಾಲಯ ಮೇಷ್ಟ್ರಿಗೆ ಜಾಮೀನು ಕೊಟ್ಟಿತು. ಎಸ್ಟೇಟಿನವರು ಮಾತಿಗೆ ತಪ್ಪದೆ ಮುಂಗಡ ಕಳಿಸಿದರು. ಮಂಗಳೂರಿಗೆ ಹೊರಡುವ ವ್ಯಾನು ಆಸ್ಪತ್ರೆ ಬಾಗಿಲಲ್ಲಿ ನಿಂತಿತ್ತು. ಇಷ್ಟು ದಿನ ತಡವಾದದ್ದಕ್ಕೆ ಕಾಲು ಒಂದಿಷ್ಟು ಗಿಡ್ಡವಾಗಿಯೇ ಉಳಿಯಬಹುದು ಎಂದು ಡಾಕ್ಟರು ಓಂಕಾರಪ್ಪನವರ ಕಿವಿಯಲ್ಲಿ ಹೇಳಿದರು.

ಮರಿಯಮ್ಮನ ಮರುಹೇಳಿಕೆ ಬಾಕಿಯಿತ್ತು. ಓಂಕಾರಪ್ಪ ಮಂಚದ ಪಕ್ಕ ಕುಳಿತು, ಗುದ್ದಿದವರು ಯಾರೆಂದು ಹೇಳಿದರು. ಅವಳಿಗೆ ಆಶ್ಚರ್ಯವಾಗಲಿಲ್ಲ.

"ನಿಂಗೆ ಗೊತ್ತಿತ್ತಾ?"

"ತಲೆ ಹಿಡ್ಕೊಂಡು ಅಯ್ಯೋ ಅಯ್ಯೋ ಅಂದ್ರಲ್ಲ ಸಾರ್. ದನಿ ಗೊತ್ತಾಗಲ್ವಾ? ನನ್ನ ಮಗಳು ಅವ್ರ ಹತ್ರನೇ ಹತ್ತನೇ ಕ್ಲಾಸು. ಮನೆಗೆ ಕರ್ಸಿ ಬಿಟ್ಟಿ ಪಾಠ ಹೇಳ್ಕೊಡ್ತಾರೆ."

"ಮತ್ತೆ ಯಾಕಮ್ಮ ಹೇಳ್ಲಿಲ್ಲ? ನಿನ್ನ ಕಾಲಿನ ಗತಿ ಏನಾಗ್ತಿತ್ತು?"

"ನಲವತ್ತು ಸಾವಿರ ಅಂದ್ರು ಡಾಕ್ಟ್ರು. ಹೆಸರು ಹೇಳಿದ್ರೆ ಮೇಷ್ಟ್ರು ಮನೆ ಮಾರ್ಕೊಂಡು ಕೊಡ್ಬೇಕಾಗ್ತಿತ್ತಲ್ಲ ಸಾರ್."

"ಕೊಡೋದು ಮೇಷ್ಟ್ರಲ್ಲ ಕಣಮ್ಮ. ಇನ್ಶೂರೆನ್ಸ್ ಕಂಪನಿ. ಗಾಡಿ ಇಟ್ಕೊಂಡೋರೆಲ್ಲ ವರ್ಷ ವರ್ಷ ದುಡ್ಡು ಕಟ್ಟೋದೇ ಅದಕ್ಕೆ."

ಮರಿಯಮ್ಮ ಅವರ ಮುಖವನ್ನೇ ನೋಡಿದಳು. ಹನ್ನೊಂದು ದಿನ ಹಲ್ಲು ಕಚ್ಚಿ ತಡೆದಿದ್ದ ಅಳು ಒಮ್ಮೆಗೇ ಬಂತು.

"ಇದನ್ನ ಮೊದಲೇ ಯಾರಾದ್ರೂ ಹೇಳ್ಬಾರ್ದಿತ್ತಾ ಸಾರ್?"